ಕವಚ ತೊಡದ ಮನುಷ್ಯ: ಟಿವಿ ಕಂಡ ಎಬೋಲಾ

2014ರ ಅಕ್ಟೋಬರ್ 15. ಎಬೋಲಾ ತಗುಲಿದ ನರ್ಸ್ ಒಬ್ಬರನ್ನು ಅಮೆರಿಕದ ಡಲ್ಲಾಸ್‌ನಿಂದ ಅಟ್ಲಾಂಟಾಗೆ ಸಾಗಿಸಲು ವಿಮಾನ ಸಜ್ಜಾಗಿ ನಿಂತಿದೆ. ಸುತ್ತಲಿನವರೆಲ್ಲ ನೆತ್ತಿಯಿಂದ ಪಾದದವರೆಗೆ ರಕ್ಷಣಾ ಕವಚ ತೊಟ್ಟಿದ್ದಾರೆ. ಒಬ್ಬಾತ ಮಾತ್ರ ಮಾಮೂಲಿ ಅಂಗಿ, ಪ್ಯಾಂಟ್‌ನಲ್ಲಿದ್ದಾನೆ, ಕೈಯಲ್ಲೊಂದು ಕ್ಲಿಪ್‌ಬೋರ್ಡ್. ಟಿವಿಯಲ್ಲಿ ನೋಡುತ್ತಿದ್ದವರು ಹೌಹಾರಿದರು. ವಿಮಾನ ಸಂಸ್ಥೆಯ ಉತ್ತರ ಸರಳವಾಗಿತ್ತು: ಕವಚದೊಳಗಿನಿಂದ ಕಣ್ಣು ಸರಿಯಾಗಿ ಕಾಣುವುದಿಲ್ಲ, ಹಾಗಾಗಿ ಒಬ್ಬರು ಅದಿಲ್ಲದೆ ನಿಂತು ಉಳಿದವರಿಗೆ ದಾರಿ ತೋರಬೇಕು. ಎಬೋಲಾ ಗಾಳಿಯಲ್ಲಿ ತೇಲಿಬರುವ ರೋಗವೂ ಅಲ್ಲ. ರೋಗಿಯ ರಕ್ತ, ವಾಂತಿ, ಭೇದಿ ಮೈಗೆ ತಾಗಬೇಕು.

ಆ ಗಾಬರಿಯನ್ನು ಬೆಳೆಸಿದ್ದು ಟಿವಿಯೇ ಎಂಬುದು ನನ್ನ ಎಣಿಕೆ. ವೈರಸ್ ಕಣ್ಣಿಗೆ ಕಾಣದು, ಕ್ಯಾಮೆರಾಗೆ ಏನಾದರೂ ಕಾಣಲೇಬೇಕು. ಸಿಕ್ಕಿದ್ದು ಕವಚ.

1976ರಲ್ಲಿ ಆಫ್ರಿಕಾದ ಜೈರ್‌ನ (ಇಂದಿನ ಡೆಮಾಕ್ರಟಿಕ್ ಕಾಂಗೋ) ಯಾಂಬುಕುವಿನಲ್ಲಿ 280 ಜನ ಸತ್ತಾಗ ಹೊರಜಗತ್ತಿನ ಪರದೆಗಳು ಹೆಚ್ಚುಕಡಿಮೆ ಖಾಲಿಯೇ ಇದ್ದವು. 1995ರ ಮೇ ತಿಂಗಳಲ್ಲಿ ಅದೇ ದೇಶದ ಕಿಕ್ವಿಟ್‌ನಲ್ಲಿ ರೋಗ ಮರುಕಳಿಸಿದ್ದು ಬಯಲಾದಾಗ ಕಾಲ ಬದಲಾಗಿತ್ತು. ದಿನವಿಡೀ ಸುದ್ದಿ ಬಿತ್ತರಿಸುವ ವಾಹಿನಿಗಳಿದ್ದವು. ಇಂಥದೇ ವೈರಸ್ ಕುರಿತ ಹಾಲಿವುಡ್ ಚಿತ್ರವೊಂದು ಎರಡು ತಿಂಗಳ ಹಿಂದಷ್ಟೇ ತೆರೆಕಂಡು, ಕವಚಧಾರಿಗಳ ರೂಪವನ್ನು ಪ್ರೇಕ್ಷಕರ ತಲೆಯಲ್ಲಿ ಕೂರಿಸಿತ್ತು.

ಪಶ್ಚಿಮ ಆಫ್ರಿಕಾದ ಸರದಿ 2014ರಲ್ಲಿ. ಗಿನಿಯಲ್ಲಿ ರೋಗ ಹಬ್ಬಿದ ಸುದ್ದಿ ಮಾರ್ಚ್‌ನಲ್ಲೇ ಹೊರಬಿತ್ತು. ಅಮೆರಿಕದ ವಾಹಿನಿಗಳು ಮೈಕೊಡವಿ ಎದ್ದದ್ದು ಆಗಸ್ಟ್‌ನಲ್ಲಿ, ಸೋಂಕು ತಗುಲಿದ ಅಮೆರಿಕದ ವೈದ್ಯರೊಬ್ಬರು ಅಟ್ಲಾಂಟಾದ ಆಸ್ಪತ್ರೆಗೆ ಬಂದಾಗ. ಆಂಬುಲೆನ್ಸ್ ಬಾಗಿಲು ತೆರೆಯಿತು, ಬಿಳಿ ಕವಚದ ಇಬ್ಬರು ಇಳಿದರು, ಒಬ್ಬರ ಆಸರೆಯಲ್ಲಿ ಇನ್ನೊಬ್ಬರು ನಿಧಾನವಾಗಿ ಒಳನಡೆದರು. ಮೇಲೆ ಹೆಲಿಕಾಪ್ಟರ್, ಕೆಳಗೆ ನೇರಪ್ರಸಾರ. ಅಷ್ಟರಲ್ಲಾಗಲೇ ಆಫ್ರಿಕಾದಲ್ಲಿ ಎಂಟುನೂರಕ್ಕೂ ಹೆಚ್ಚು ಮಂದಿ ತೀರಿಕೊಂಡಿದ್ದರು.

ಅಲ್ಲಿ ರೋಗ ಹರಡುತ್ತಿದ್ದ ಮುಖ್ಯ ದಾರಿಗಳಲ್ಲೊಂದು ಶವಸಂಸ್ಕಾರ. ಸತ್ತವರ ಮೈಯನ್ನು ಬಂಧುಗಳು ಬರಿಗೈಯಲ್ಲಿ ತೊಳೆಯುತ್ತಿದ್ದರು. ಹೆಣದಲ್ಲೂ ವೈರಸ್ ಜೀವಂತ. ತಾಯಿಯ ಮೈ ತೊಳೆಯುವ ಮಗಳ ಕೋಣೆಗೆ ಕ್ಯಾಮೆರಾ ಹೋಗಲಾರದು, ಹೋಗಲೂಬಾರದು. ಆದರೆ ಅದನ್ನು ಮಾತಿನಲ್ಲಿ ವಿವರಿಸಬಹುದಿತ್ತು. ಅದರ ಬದಲು ಅಮೆರಿಕದ ಸುದ್ದಿವಾಹಿನಿ ಸಿಎನ್‌ಎನ್ ಅಕ್ಟೋಬರ್‌ನಲ್ಲಿ ಪರದೆಯ ಅಡಿಪಟ್ಟಿಯಲ್ಲಿ ಎಬೋಲಾವನ್ನು ಐಸಿಸ್ ಉಗ್ರರಿಗೆ ಹೋಲಿಸಿ ಪ್ರಶ್ನೆ ಎಸೆಯಿತು.

ಡಲ್ಲಾಸ್‌ನಲ್ಲಿ, ಪಶ್ಚಿಮ ಆಫ್ರಿಕಾದ ಲೈಬೀರಿಯಾದಿಂದ ಬಂದಿದ್ದ ರೋಗಿಯೊಬ್ಬರು ತೀರಿಕೊಂಡರು. ಅವರಿಂದ ಸೋಂಕು ತಗುಲಿದ್ದ ಇಬ್ಬರು ನರ್ಸ್‌ಗಳೂ ಗುಣಮುಖರಾದರು. ನವೆಂಬರ್‌ನಲ್ಲಿ ಅಮೆರಿಕದ ಚುನಾವಣೆ ಮುಗಿಯುತ್ತಲೇ ಪರದೆಯಿಂದ ಕವಚಗಳು ಸರಿದವು. ಆಗ ಪಶ್ಚಿಮ ಆಫ್ರಿಕಾದ ಸಿಯೆರಾ ಲಿಯೋನ್‌ನಲ್ಲಿ ವಾರಕ್ಕೆ ನೂರಾರು ಹೊಸ ಪ್ರಕರಣಗಳು ದಾಖಲಾಗುತ್ತಿದ್ದವು. ವಿಶ್ವ ಆರೋಗ್ಯ ಸಂಸ್ಥೆ ತುರ್ತುಸ್ಥಿತಿಯನ್ನು ಹಿಂತೆಗೆದುಕೊಂಡದ್ದು 2016ರ ಮಾರ್ಚ್ 29ರಂದು. ಸತ್ತವರ ಲೆಕ್ಕ 11,300 ದಾಟಿತ್ತು.