‘ಲ ರ್ವಾಯೋಮ್’: ಇದರಲ್ಲಿ ಚರಿತ್ರೆ ಎಷ್ಟು, ಕಲ್ಪನೆ ಎಷ್ಟು?

ಪ್ರಶ್ನೆ: ಕ್ರೈಸ್ತ ಧರ್ಮದ ಮೊದಲ ದಿನಗಳ ಬಗ್ಗೆ ಫ್ರೆಂಚ್ ಲೇಖಕ ಎಮ್ಯಾನುಯೆಲ್ ಕರೇರ್ ಬರೆದ ‘ಲ ರ್ವಾಯೋಮ್’ (‘ರಾಜ್ಯ’) ಓದುತ್ತಿದ್ದೇನೆ. ಯೇಸುವಿನ ಧರ್ಮ ಸಾರುತ್ತಿದ್ದ ಪೌಲ, ಅವನ ಜೊತೆಗಾರ ಲೂಕ ಇವರನ್ನು ಪಕ್ಕದಲ್ಲೇ ನಿಂತು ನೋಡಿದ ಹಾಗೆ ಬರೆಯುತ್ತಾರಲ್ಲ, ಇದನ್ನೆಲ್ಲ ನಂಬಬಹುದಾ?

ಉತ್ತರ: ಚೌಕಟ್ಟನ್ನು ಅವರು ಕಟ್ಟಿದ್ದಲ್ಲ. ಪೌಲ ಊರೂರು ಸುತ್ತಿದ್ದು, ಸೆರೆ ಸಿಕ್ಕಿದ್ದು, ಹಡಗು ಹತ್ತಿ ರೋಮಿಗೆ ಹೋಗಿದ್ದು, ಎಲ್ಲ ಬೈಬಲಿನ ‘ಅಪೊಸ್ತಲರ ಕೃತ್ಯಗಳು’ ಅನ್ನುವ ಪುಸ್ತಕದಲ್ಲಿದೆ. ಜೊತೆಗೆ ಪೌಲನ ಪತ್ರಗಳಿವೆ. ಇವು ಏನೂ ಹೇಳದೆ ಸುಮ್ಮನಾಗುವ ಕಡೆ ಕರೇರ್ ಕಲ್ಪನೆ ಶುರು. ಅದನ್ನೂ ಕದ್ದುಮುಚ್ಚಿ ಮಾಡುವುದಿಲ್ಲ. ಇದು ನನ್ನ ಊಹೆ ಅಂತ ಹೇಳಿಯೇ ಮುಂದೆ ಹೋಗುತ್ತಾರೆ.

ಒಂದು ಜಾಗ ನೋಡಿ. ಕೃತ್ಯಗಳ 16ನೇ ಅಧ್ಯಾಯ. ಪೌಲ ಈಗಿನ ಟರ್ಕಿಯ ಕರಾವಳಿಯಲ್ಲಿದ್ದ ತ್ರೋವ ಅನ್ನುವ ಊರಿಗೆ ಬಂದಿದ್ದಾನೆ. ರಾತ್ರಿ ದರ್ಶನದಲ್ಲಿ ಸಮುದ್ರದಾಚೆಯ ಮಕೆದೋನ್ಯದವನೊಬ್ಬ ಕಾಣಿಸಿಕೊಂಡು, ನಮ್ಮ ಸೀಮೆಗೆ ಬಂದು ಸಹಾಯ ಮಾಡು ಅಂತ ಬೇಡುತ್ತಾನೆ. ಅಲ್ಲಿಯವರೆಗೂ ಕಥೆಯಲ್ಲಿ ‘ಅವರು’ ಹೋಗುತ್ತಾರೆ, ‘ಅವರು’ ಬರುತ್ತಾರೆ. 10ನೇ ವಚನದಲ್ಲಿ ಇದ್ದಕ್ಕಿದ್ದ ಹಾಗೆ ‘ನಾವು’ ಹೊರಡುತ್ತೇವೆ! ಹೇಳುತ್ತಿರುವವನು ಯಾರು, ಎಲ್ಲಿ ಸೇರಿಕೊಂಡ? ಒಂದು ಮಾತೂ ಇಲ್ಲ. ಅವನು ಪೌಲನ ಜೊತೆಗಿದ್ದ ವೈದ್ಯ ಲೂಕ, ಯೇಸುವಿನ ಜೀವನ ಹೇಳುವ ‘ಲೂಕನ ಸುವಾರ್ತೆ’ ಬರೆದವನೂ ಅವನೇ ಅನ್ನುವುದು ಹಳೆಯ ಕಾಲದಿಂದ ಬಂದ ನಂಬಿಕೆ. ಕರೇರ್ ಇನ್ನೊಂದು ಹೆಜ್ಜೆ ಮುಂದೆ ಹೋಗಿ, ಆ ಮಕೆದೋನ್ಯದವನೇ ಲೂಕ ಯಾಕಾಗಿರಬಾರದು ಅನ್ನುತ್ತಾರೆ. ಪುರಾವೆ ಏನೂ ಇಲ್ಲ. ಆದರೆ ಓದುವಾಗ ಹೌದಲ್ವಾ ಅನ್ನಿಸಿಬಿಡುತ್ತದೆ.

ಇನ್ನೂ ದೊಡ್ಡ ಊಹೆ ಯೂದಾಯ ಸೀಮೆಯ ಬಂದರು ಪಟ್ಟಣ ಕೈಸರೈಯದ್ದು. ಪೌಲ ಅಲ್ಲಿ ಎರಡು ವರ್ಷ ಸೆರೆಯಲ್ಲಿದ್ದ ಅಂತ 24ನೇ ಅಧ್ಯಾಯ ಹೇಳುತ್ತದೆ. ಆ ಎರಡು ವರ್ಷ ಲೂಕ ಏನು ಮಾಡಿದ? ಕರೇರ್ ಅವನನ್ನು ಯೂದಾಯದಲ್ಲಿ ಓಡಾಡಿಸುತ್ತಾರೆ. ಯೇಸುವನ್ನು ಕಂಡವರನ್ನು ಹುಡುಕಿಸುತ್ತಾರೆ, ಮಾತಾಡಿಸುತ್ತಾರೆ. ಲೂಕನ ಸುವಾರ್ತೆಯ ಮೊದಲ ಸಾಲುಗಳಲ್ಲೇ, ಎಲ್ಲವನ್ನೂ ಮೊದಲಿನಿಂದ ವಿಚಾರಿಸಿ ಬರೆಯುತ್ತಿದ್ದೇನೆ ಅನ್ನುವ ಮಾತಿದೆ. ಅದಷ್ಟೇ ಆಧಾರ. ನನಗೆ ಪುಸ್ತಕದಲ್ಲಿ ತುಂಬಾ ಇಷ್ಟವಾದ ಭಾಗ ಇದೇ. ಚರಿತ್ರೆ ಅಂತ ಒರಗಿಕೊಳ್ಳೋಕೆ ಆಗದ ಭಾಗವೂ ಇದೇ.

ಒಂದು ಎಚ್ಚರಿಕೆ. ಸುವಾರ್ತೆ ಬರೆದವನು ಪೌಲನ ಗೆಳೆಯ ಲೂಕನೇ ಅಂತ ಎಲ್ಲ ವಿದ್ವಾಂಸರೂ ಒಪ್ಪುವುದಿಲ್ಲ. ಅದು ಸುಮಾರು ಕ್ರಿ.ಶ. 80ರಿಂದ 90ರೊಳಗೆ ಬರೆದದ್ದು ಅನ್ನುವವರೇ ಜಾಸ್ತಿ. ಹಾಗಾಗಿ ಕರೇರ್ ಅವರ ಲೂಕನನ್ನು ಒಬ್ಬ ಪಾತ್ರ ಅಂತಲೇ ಓದಿ.

ಇನ್ನು ಮೊದಲ ಭಾಗ. ಅದು 1990ರಿಂದ 1993ರವರೆಗಿನ ಕರೇರ್ ಅವರ ಸ್ವಂತ ಕಥೆ. ಆಗ ಅವರು ಕಟ್ಟಾ ಕ್ಯಾಥೊಲಿಕ್. ತಪ್ಪದೆ ಪೂಜೆಗೆ ಹೋಗುತ್ತಿದ್ದರು, ಯೋಹಾನನ ಸುವಾರ್ತೆಗೆ ಟಿಪ್ಪಣಿ ಬರೆದು ನೋಟ್‌ಬುಕ್ ಮೇಲೆ ನೋಟ್‌ಬುಕ್ ತುಂಬಿಸುತ್ತಿದ್ದರು. ಆಮೇಲೆ ನಂಬಿಕೆ ಹೋಯಿತು. ಸುಮಾರು ಇಪ್ಪತ್ತು ವರ್ಷ ಕಳೆದು, 2014ರಲ್ಲಿ, ಈ ಪುಸ್ತಕ ಬಂತು. ಪೌಲನ ಕಥೆಗೆ ಬೇಗ ಹೋಗೋಣ ಅಂತ ಈ ಭಾಗ ಹಾರಿಸಬೇಡಿ. ಸತ್ತವನು ಎದ್ದು ಬಂದ ಅನ್ನುವುದನ್ನು ಬುದ್ಧಿವಂತರು ಹೇಗೆ ನಂಬುತ್ತಾರೆ ಅಂತ ಅವರು ಕೇಳುವಾಗ, ಆ ಬುದ್ಧಿವಂತರಲ್ಲಿ ಅವರೂ ಒಬ್ಬರಾಗಿದ್ದರು. ಅದಕ್ಕೇ ಆ ಪ್ರಶ್ನೆಯಲ್ಲಿ ಗೇಲಿ ಕಮ್ಮಿ, ಕುತೂಹಲ ಜಾಸ್ತಿ.

ಹೇಗೂ ಓದುತ್ತಿದ್ದೀರಿ, ಪಕ್ಕದಲ್ಲಿ ಒಂದು ಕನ್ನಡ ಬೈಬಲ್ ಇಟ್ಟುಕೊಳ್ಳಿ. ಕೃತ್ಯಗಳ 16ರಿಂದ 28ನೇ ಅಧ್ಯಾಯದವರೆಗೆ ಓದಿದರೆ ಸಾಕು. ಕರೇರ್ ಎಲ್ಲಿ ದಾಖಲೆ ಬಿಟ್ಟು ಆಚೆ ಕಾಲಿಟ್ಟರು ಅನ್ನುವುದು ನಿಮಗೇ ಕಾಣುತ್ತದೆ.