28ಕ್ಕೇ ನಿಂತ ಆಟ: ವ್ಯಾನ್ ಬಾಸ್ಟನ್ ಹರಡಿನ ಕಥೆ

ಹೋದ ವಾರ ಸಂಜೆ ಕಲಬುರಗಿಯ ಎನ್.ವಿ. ಮೈದಾನದ ಅಂಚಿನಲ್ಲಿ ಕೂತಿದ್ದೆ. ಹುಡುಗರ ಫುಟ್‌ಬಾಲ್ ನಡೆದಿತ್ತು. ಎಡಗಡೆಯಿಂದ ಚೆಂಡು ಒಯ್ಯುತ್ತಿದ್ದ ಒಬ್ಬ ಹುಡುಗ, ಹದಿನೇಳು ವರ್ಷ ಇರಬಹುದು, ಗಕ್ಕನೆ ತಿರುಗಲು ಹೋಗಿ ಕಾಲು ಹೊರಳಿ ಬಿದ್ದ. ಬಿದ್ದವನೇ ಎರಡೂ ಕೈಯಲ್ಲಿ ಹರಡು ಹಿಡಿದುಕೊಂಡ. ಹರಡು ಅಂದರೆ ಕಾಲು ಮತ್ತು ಪಾದ ಸೇರುವ ಕೀಲು. ಗೆಳೆಯರು ಓಡಿ ಬಂದರು. ಒಬ್ಬ ಚೀಲದಿಂದ ನೋವಿನ ಸ್ಪ್ರೇ ತೆಗೆದು ಕಾಲುಚೀಲದ ಮೇಲೆಯೇ ಹೊಡೆದ, ಇನ್ನೊಬ್ಬ ಕ್ರೇಪ್ ಬ್ಯಾಂಡೇಜ್ ಬಿಗಿಯಾಗಿ ಸುತ್ತಿದ. "ಏನೂ ಆಗಿಲ್ರಿ ಅಣ್ಣಾ, ಆಡ್ತೀನಿ" ಅಂತ ನನಗೆ ಹೇಳಿ ಐದೇ ನಿಮಿಷಕ್ಕೆ ಮತ್ತೆ ಒಳಗೆ ಹೋದ. ಎಲ್ಲರೂ ಚಪ್ಪಾಳೆ ತಟ್ಟಿದರು. ನನಗೆ ಮಾತ್ರ ಕೈ ಏಳಲಿಲ್ಲ.

ಯಾಕಂದ್ರೆ ನಾನೂ ಹಾಗೇ ಮಾಡಿದವನು. ಕಾಲೇಜಿನಲ್ಲಿದ್ದಾಗ ಒಂದು ಟೂರ್ನಿಯ ಹಿಂದಿನ ದಿನ ಬಲಗಾಲು ಉಳುಕಿತು. ಉಳುಕು ತೆಗೆಯುವ ಅಜ್ಜನೊಬ್ಬನ ಹತ್ತಿರ ಹೋಗಿ ಬಿಸಿ ಎಣ್ಣೆ ಹಚ್ಚಿಸಿ ತಿಕ್ಕಿಸಿಕೊಂಡೆ. ಮರುದಿನ ಆಡಿದೆ, ಅದರ ಮರುದಿನವೂ ಆಡಿದೆ. ಇವತ್ತಿಗೂ ನಮ್ಮ ಮನೆಯ ಶಹಾಬಾದ ಕಲ್ಲಿನ ಮೆಟ್ಟಿಲು ಇಳಿಯುವಾಗ ಬಲಗಾಲು ಮೊದಲು ಇಡಲು ಹೆದರಿಕೆ. ಆ ಹುಡುಗ ಕುಂಟುತ್ತಾ ಓಡುವುದನ್ನು ನೋಡುತ್ತಾ ನನಗೆ ಮಾರ್ಕೊ ವ್ಯಾನ್ ಬಾಸ್ಟನ್ ನೆನಪಾದ.

ಈಗಿನ ಹುಡುಗರಿಗೆ ಮೆಸ್ಸಿ, ರೊನಾಲ್ಡೊ ಗೊತ್ತು. ವ್ಯಾನ್ ಬಾಸ್ಟನ್ ಹೆಸರು ಕೇಳಿದವರು ಕಡಿಮೆ. ನೆದರ್ಲೆಂಡ್ಸ್‌ನ ಸ್ಟ್ರೈಕರ್, ಅಂದರೆ ಮುಂದೆ ನಿಂತು ಗೋಲು ಹೊಡೆಯುವ ಆಟಗಾರ, 1964ರಲ್ಲಿ ಯೂಟ್ರೆಕ್ಟ್‌ನಲ್ಲಿ ಹುಟ್ಟಿದವನು. ಆರಡಿ ಮೀರಿದ ಎತ್ತರ, ಆದರೆ ಕಾಲಿನಲ್ಲಿ ಸಣ್ಣಾಳಿನ ಚುರುಕು. ಆಗ ಯುರೋಪಿನ ವರ್ಷದ ಶ್ರೇಷ್ಠ ಆಟಗಾರನಿಗೆ ಕೊಡುತ್ತಿದ್ದ ಬ್ಯಾಲನ್ ಡಿಓರ್ ಅವನಿಗೆ ಮೂರು ಸಲ ಬಂತು: 1988, 1989, 1992. ಅಂಥವನು ಕೊನೆಯ ಪಂದ್ಯ ಆಡಿದಾಗ ವಯಸ್ಸು ಬರೀ 28. ಸ್ಟ್ರೈಕರ್‌ಗೆ ಅದು ಆಟ ಪಕ್ವವಾಗುವ ವಯಸ್ಸು, ಅಲ್ವಾ?

ಅವನ ಆಟ ಮುಗಿದದ್ದು ಹೇಗೆ ಅಂತ ಕೇಳಿದರೆ ಹಳೇ ಅಭಿಮಾನಿಗಳು ಸಾಮಾನ್ಯವಾಗಿ ಒಂದೇ ಮಾತು ಹೇಳುತ್ತಾರೆ. 1993ರ ಚಾಂಪಿಯನ್ಸ್ ಲೀಗ್ (ಯುರೋಪಿನ ಕ್ಲಬ್ ತಂಡಗಳ ದೊಡ್ಡ ಟೂರ್ನಿ) ಫೈನಲ್‌ನಲ್ಲಿ ಫ್ರಾನ್ಸ್‌ನ ಮಾರ್ಸೇ ತಂಡದ ಡಿಫೆಂಡರ್ ಬಾಸಿಲ್ ಬೋಲಿ, ಚೆಂಡು ಕಸಿಯಲು ಹಿಂದಿನಿಂದ ಕಾಲು ಹಾಕಿ ಮಾಡಿದ ಟ್ಯಾಕಲ್, ಅಷ್ಟೇ. ನಾನೂ ಬಹಳ ವರ್ಷ ಅದನ್ನೇ ನಂಬಿದ್ದೆ. ಆದರೆ ವರ್ಷಗಳನ್ನು ಒಂದರ ಪಕ್ಕ ಒಂದು ಇಟ್ಟು ನೋಡಿದರೆ ಕಥೆ ಬೇರೆಯೇ ಇದೆ. 1992-93ರ ಆ ಕೊನೆ ಸೀಸನ್ ಹಾಳಾಗಲು ಶುರುವಾದದ್ದು ಆರು ವರ್ಷ ಹಿಂದೆ, ಅವನಿಗೆ 22 ಆಗಿದ್ದಾಗ.

ಆಗ ಅವನು ಆಮ್‌ಸ್ಟರ್‌ಡ್ಯಾಮ್‌ನ ಅಯಾಕ್ಸ್ ತಂಡದಲ್ಲಿದ್ದ. 1982ರಲ್ಲಿ ನೆದರ್ಲೆಂಡ್ಸ್‌ನ ದೊಡ್ಡ ಆಟಗಾರ ಯೋಹಾನ್ ಕ್ರೈಫ್ ಹೊರಗೆ ಬಂದಾಗ ಅವನ ಬದಲಿಗೆ ಇಳಿದು, ಮೊದಲ ಪಂದ್ಯದಲ್ಲೇ ಗೋಲು ಹೊಡೆದವನು. 1985-86ರ ಸೀಸನ್‌ನಲ್ಲಿ 26 ಲೀಗ್ ಪಂದ್ಯಗಳಲ್ಲಿ 37 ಗೋಲು ಹೊಡೆದು ಇಡೀ ಯುರೋಪ್ ತಿರುಗಿ ನೋಡುವಂತೆ ಮಾಡಿದ. 1986ರ ಡಿಸೆಂಬರ್‌ನಲ್ಲಿ ಗ್ರೋನಿಂಗನ್ ತಂಡದ ವಿರುದ್ಧದ ಪಂದ್ಯದಲ್ಲಿ ಅವನ ಹರಡಿಗೆ ಪೆಟ್ಟಾಯಿತು. ಅಷ್ಟೊತ್ತಿಗೆ ಕ್ರೈಫ್ ಅಯಾಕ್ಸ್‌ನ ಕೋಚ್ ಆಗಿದ್ದ. ಇಬ್ಬರ ನಡುವೆ ಒಂದು ಒಪ್ಪಂದ ಆಯಿತು ಅಂತ ವ್ಯಾನ್ ಬಾಸ್ಟನ್ ಮುಂದೆ ಹೇಳಿಕೊಂಡಿದ್ದಾನೆ. ಕೆಲವು ಅಭ್ಯಾಸ, ಕೆಲವು ಲೀಗ್ ಪಂದ್ಯ ಬಿಡಬಹುದು, ಯುರೋಪಿನ ಕಪ್ ಪಂದ್ಯ ಮಾತ್ರ ಬಿಡುವ ಹಾಗಿಲ್ಲ. 1987ರ ಮೇ 13ರಂದು ಅಥೆನ್ಸ್‌ನಲ್ಲಿ ಕಪ್ ವಿನ್ನರ್ಸ್ ಕಪ್, ಅಂದರೆ ಆ ಯುರೋಪಿನ ಕಪ್‌ನ, ಫೈನಲ್ ನಡೆಯಿತು. ಲೋಕೊಮೊಟಿವ್ ಲೈಪ್‌ಝಿಗ್ ಎದುರಾಳಿ. ಅಯಾಕ್ಸ್ 1-0ಯಿಂದ ಗೆದ್ದಿತು, ಆ ಒಂದು ಗೋಲು ವ್ಯಾನ್ ಬಾಸ್ಟನ್ ತಲೆಯಿಂದ ಬಂದದ್ದು. ಕಪ್ ಬಂತು. ಹರಡಿಗೆ ಬೇಕಿದ್ದ ವಿಶ್ರಾಂತಿ ಸಿಗಲಿಲ್ಲ.

ಇಲ್ಲಿ ಹರಡಿನ ಬಗ್ಗೆ ಸ್ವಲ್ಪ ನಿಂತು ಹೇಳಬೇಕು, ಯಾಕಂದ್ರೆ ಉಳುಕು ಅಂದರೆ ನಾವು ಬಹಳ ಹಗುರವಾಗಿ ತೆಗೆದುಕೊಳ್ಳುತ್ತೇವೆ. ಕಾಲಿನ ಎರಡು ಎಲುಬು ಮತ್ತು ಪಾದದ ಮೇಲಿನ ಒಂದು ಎಲುಬು ಸೇರುವ ಜಾಗ ಅದು. ಆ ಎಲುಬುಗಳನ್ನು ಹಿಡಿದಿಡುವುದು ಲಿಗಮೆಂಟ್ ಅನ್ನುವ ಗಟ್ಟಿ ಪಟ್ಟಿಗಳು. ಕಾಲು ಹೊರಳಿದಾಗ ಜಾಸ್ತಿ ಸಲ ಹರಿಯುವುದು ಹೊರಗಡೆಯ ಪಟ್ಟಿ. ಅದು ಅರ್ಧಂಬರ್ಧ ಮಾಯ್ದಾಗ ಆಡಲು ಇಳಿದರೆ ಕೀಲು ಸಡಿಲವಾಗಿಯೇ ಉಳಿಯುತ್ತದೆ, ಬೋಲ್ಟ್ ಸಡಿಲಾದ ಬಂಡಿ ಗಾಲಿಯ ಹಾಗೆ. ಮತ್ತೆ ಮತ್ತೆ ಉಳುಕುತ್ತದೆ. ಎಲುಬಿನ ತುದಿಗೆ ನುಣುಪಾದ ಒಂದು ಹೊದಿಕೆ ಇರುತ್ತದೆ, ಕಾರ್ಟಿಲೇಜ್ ಅಂತಾರೆ. ಕೀಲು ಸಡಿಲಾದರೆ ಅದು ಸವೆಯುತ್ತಾ ಹೋಗುತ್ತದೆ. ದೊಡ್ಡ ಕಷ್ಟ ಇಲ್ಲೇ ಇರುವುದು. ಆ ಹೊದಿಕೆಗೆ ರಕ್ತನಾಳ ಇಲ್ಲ. ಚರ್ಮ ಹರಿದರೆ ಕೂಡುತ್ತದೆ, ಎಲುಬು ಮುರಿದರೂ ಕೂಡುತ್ತದೆ, ಇದು ಸವೆದರೆ ಮೊದಲಿನಂತೆ ಮತ್ತೆ ಬೆಳೆಯುವುದಿಲ್ಲ. ಓಡುವಾಗ ಆ ಚಿಕ್ಕ ಜಾಗದ ಮೇಲೆ ಮೈಭಾರದ ಹಲವು ಪಟ್ಟು ಭಾರ ಬೀಳುತ್ತದೆ. ಇಂಜೆಕ್ಷನ್ ಚುಚ್ಚಿದರೆ ನೋವು ಸುಮ್ಮನಾಗುತ್ತದೆ, ಸವೆತ ನಿಲ್ಲುವುದಿಲ್ಲ. ನೋವು ಇಲ್ಲದ ಕಾರಣ ಆಟಗಾರ ಇನ್ನೂ ಜೋರಾಗಿ ಓಡುತ್ತಾನೆ.

ಇನ್ನೊಂದು ವಿಷಯ ನನಗೆ ಬಹಳ ತಡವಾಗಿ ತಿಳಿಯಿತು. ಕಾಲು ಈಗ ಯಾವ ಕೋನದಲ್ಲಿದೆ ಅಂತ ಮಿದುಳಿಗೆ ಹೇಳುವ ನರಗಳು ಆ ಲಿಗಮೆಂಟಿನಲ್ಲೇ ಇರುತ್ತವೆ. ಅದು ಹರಿದಾಗ ಆ ಸುದ್ದಿಯೂ ಸರಿಯಾಗಿ ಹೋಗುವುದಿಲ್ಲ. ಬಾವು ಇಳಿದ ಮೇಲೂ ಒಂಟಿಕಾಲಿನಲ್ಲಿ ನಿಲ್ಲಲು ಆಗದೇ ಇರುವುದಕ್ಕೆ ಇದೇ ಕಾರಣ. ಬಾವು ಇಳಿಯಿತು ಅಂದರೆ ವಾಸಿಯಾಯಿತು ಅಂತ ಲೆಕ್ಕ ಅಲ್ಲ.

ವ್ಯಾನ್ ಬಾಸ್ಟನ್‌ಗೆ ವಾಪಸ್ ಬರೋಣ. 1987ರಲ್ಲಿ ಅವನು ಇಟಲಿಯ ಮಿಲಾನ್ ತಂಡಕ್ಕೆ ಹೋದ. ಮೊದಲ ಸೀಸನ್‌ನಲ್ಲೇ ಹರಡಿನ ಶಸ್ತ್ರಚಿಕಿತ್ಸೆ, ತಿಂಗಳುಗಟ್ಟಲೆ ಹೊರಗೆ. ಲೀಗ್‌ನಲ್ಲಿ ಆಡಿದ್ದು ಬರೀ 11 ಪಂದ್ಯ. ಆದರೂ 1988ರ ಬೇಸಿಗೆಯಲ್ಲಿ ತನ್ನ ದೇಶದ ತಂಡದ ಜೊತೆ ಯುರೋ ಕಪ್‌ಗೆ ಹೋದ. ಮೊದಲ ಪಂದ್ಯಕ್ಕೆ ಬೆಂಚ್ ಮೇಲೆ ಕೂತಿದ್ದ. ಎರಡನೇ ಪಂದ್ಯದಲ್ಲಿ ಇಂಗ್ಲೆಂಡ್ ವಿರುದ್ಧ ಮೂರು ಗೋಲು, ಸೆಮಿಫೈನಲ್‌ನಲ್ಲಿ ಪಶ್ಚಿಮ ಜರ್ಮನಿ ವಿರುದ್ಧ ಕೊನೇ ಗಳಿಗೆಯಲ್ಲಿ ಗೆಲುವಿನ ಗೋಲು, ಆಮೇಲೆ ಜೂನ್ 25ರಂದು ಮ್ಯೂನಿಕ್‌ನ ಒಲಿಂಪಿಕ್ ಸ್ಟೇಡಿಯಂನಲ್ಲಿ ಫೈನಲ್‌ನಲ್ಲಿ ಸೋವಿಯತ್ ಒಕ್ಕೂಟದ ವಿರುದ್ಧ ಆ ವಾಲಿ, ಅಂದರೆ ಚೆಂಡು ನೆಲ ಮುಟ್ಟುವ ಮುಂಚೆಯೇ ಹೊಡೆಯುವ ಹೊಡೆತ.

ಆ ವಾಲಿಯನ್ನು ಯೂಟ್ಯೂಬ್‌ನಲ್ಲಿ ಎಷ್ಟು ಸಲ ನೋಡಿದ್ದೇನೋ ಲೆಕ್ಕ ಇಲ್ಲ. ಎಡಗಡೆಯಿಂದ ಆರ್ನಲ್ಡ್ ಮ್ಯೂರೆನ್ ಎತ್ತರಕ್ಕೆ ಹಾಕಿದ ಚೆಂಡು ಬಲ ಮೂಲೆಯ ಕಡೆ ಹೋಗುತ್ತದೆ. ಅಲ್ಲಿಂದ ಗೋಲಿಗೆ ದಾರಿಯೇ ಕಾಣುವುದಿಲ್ಲ. ಬೇರೆ ಯಾರಾದರೂ ಆಗಿದ್ದರೆ ಚೆಂಡು ತಡೆದು, ಜೊತೆಗಾರರಿಗೆ ಕಾಯುತ್ತಿದ್ದರು. ಇವನು ನೆಲಕ್ಕೆ ಬೀಳಲು ಬಿಡದೆ ಬಲಗಾಲಲ್ಲಿ ಹೊಡೆದ. ಚೆಂಡು ಗೋಲ್‌ಕೀಪರ್ ತಲೆ ಮೇಲಿಂದ ಬಾಗಿ ಆ ಕಡೆಯ ಬಲೆಗೆ ಇಳಿಯಿತು. ಕೋಚ್ ರೀನಸ್ ಮಿಖೆಲ್ಸ್ ನಂಬಲಾರದೆ ಕೈಯಲ್ಲಿ ಮುಖ ಮುಚ್ಚಿಕೊಂಡ. ಅದೇ ವರ್ಷ ತಿಂಗಳುಗಟ್ಟಲೆ ಮೈದಾನದಿಂದ ಹೊರಗಿದ್ದವನ ಗೋಲು ಅದು.

ಮುಂದಿನ ನಾಲ್ಕು ವರ್ಷ ಬೇಗ ಹೇಳಿಬಿಡುತ್ತೇನೆ. 1989ರ ಯುರೋಪಿಯನ್ ಕಪ್ (ಚಾಂಪಿಯನ್ಸ್ ಲೀಗ್‌ನ ಹಳೇ ಹೆಸರು) ಫೈನಲ್‌ನಲ್ಲಿ ಎರಡು ಗೋಲು, 1990ರಲ್ಲಿ ಮತ್ತೆ ಅದೇ ಕಪ್. 1991-92ರಲ್ಲಿ ಇಟಲಿ ಲೀಗ್‌ನಲ್ಲಿ 25 ಗೋಲು, ಆ ಸೀಸನ್‌ನಲ್ಲಿ ಮಿಲಾನ್ ಒಂದೂ ಪಂದ್ಯ ಸೋಲದೆ ಚಾಂಪಿಯನ್. ಆಗಿನ ಇಟಲಿ ಅಂದರೆ ಜಗತ್ತಿನ ಅತ್ಯಂತ ಗಟ್ಟಿ ಡಿಫೆಂಡರ್‌ಗಳ ಊರು. ಹಿಂದಿನಿಂದ ಕಾಲಿಗೆ ಹೊಡೆದರೆ ರೆಫರಿ ಒಂದು ಫ್ರೀ ಕಿಕ್ ಕೊಟ್ಟು ಮುಂದೆ ಹೋಗುತ್ತಿದ್ದ. ಹಿಂದಿನ ಟ್ಯಾಕಲ್ ಬಗ್ಗೆ ಫಿಫಾ ರೆಫರಿಗಳಿಗೆ ಬಿಗಿಯಾಗಿ ಹೇಳಿದ್ದು 1994ರ ವಿಶ್ವಕಪ್‌ಗೆ. ಎದುರಾಳಿಗೆ ಅಪಾಯ ತರುವ ಅಂಥ ಟ್ಯಾಕಲ್‌ಗೆ ಹೊರಗೆ ಕಳಿಸಲೇಬೇಕು ಅಂತ ನಿಯಮದಲ್ಲೇ ಬರೆದದ್ದು 1998ರಲ್ಲಿ. ವ್ಯಾನ್ ಬಾಸ್ಟನ್ ಪಾಲಿಗೆ ಎರಡೂ ತಡವಾಗಿ ಬಂದವು. ಈ ಮಾತು ನೆನೆದಾಗಲೆಲ್ಲ ನನಗೆ ಸಿಟ್ಟು ಬರುತ್ತದೆ.

ಈಗ ಕೊನೆ ಸೀಸನ್. 1992ರ ಶರತ್ಕಾಲದಲ್ಲಿ ಅವನು ಬಹುಶಃ ತನ್ನ ಜೀವನದ ಅತಿ ಚಂದದ ಆಟ ಆಡುತ್ತಿದ್ದ. ಫಾಬಿಯೊ ಕಪೆಲ್ಲೊ ಕೋಚ್. ಮಿಲಾನ್ ಲೀಗ್‌ನಲ್ಲಿ ಒಟ್ಟು 58 ಪಂದ್ಯ ಸೋಲದೆ ಓಡಿದ್ದು ಇದೇ ಕಾಲದಲ್ಲಿ. ನವೆಂಬರ್ 25ರಂದು ಚಾಂಪಿಯನ್ಸ್ ಲೀಗ್‌ನಲ್ಲಿ ಸ್ವೀಡನ್‌ನ ಗೋಥೆನ್‌ಬರ್ಗ್ ತಂಡದ ವಿರುದ್ಧ ಒಬ್ಬನೇ ನಾಲ್ಕು ಗೋಲು ಹೊಡೆದ. ಚಾಂಪಿಯನ್ಸ್ ಲೀಗ್‌ನ ಒಂದೇ ಪಂದ್ಯದಲ್ಲಿ ನಾಲ್ಕು ಹೊಡೆದ ಮೊದಲಿಗ ಅವನೇ. ಅದರಲ್ಲಿ ಒಂದು, ಗೋಲಿಗೆ ಬೆನ್ನು ಮಾಡಿ ಗಾಳಿಯಲ್ಲಿ ತೇಲಿ ತಲೆ ಮೇಲಿಂದ ಒದ್ದದ್ದು. ಡಿಸೆಂಬರ್‌ನಲ್ಲಿ ಮೂರನೇ ಬ್ಯಾಲನ್ ಡಿಓರ್ ಬಂತು.

ಅದೇ ಡಿಸೆಂಬರ್‌ನಲ್ಲಿ ಅವನು ಸ್ವಿಟ್ಜರ್ಲೆಂಡ್‌ನ ಸೇಂಟ್ ಮೊರಿಟ್ಜ್‌ಗೆ ಹೋಗಿ ಹರಡಿಗೆ ಮತ್ತೆ ಕತ್ತರಿ ಹಾಕಿಸಿಕೊಂಡ. ಆ ಶಸ್ತ್ರಚಿಕಿತ್ಸೆ ಆದ ಮೇಲೆ ಕೀಲು ಮೊದಲಿನಂತೆ ಆಗಲೇ ಇಲ್ಲ. ನಾಲ್ಕು ತಿಂಗಳು ಹೋದವು. 1993ರ ವಸಂತದಲ್ಲಿ ವಾಪಸ್ ಬಂದ, ಮೇ ತಿಂಗಳಲ್ಲಿ ಅಂಕೋನ ತಂಡದ ವಿರುದ್ಧ ಗೋಲೂ ಹೊಡೆದ. ಅದೇ ಅವನ ಕೊನೆ ಗೋಲು ಅಂತ ಆಗ ಯಾರಿಗೂ ಗೊತ್ತಿರಲಿಲ್ಲ. ಇಡೀ ಸೀಸನ್‌ನಲ್ಲಿ ಆಡಿದ ಲೀಗ್ ಪಂದ್ಯ 15, ಹೊಡೆದ ಗೋಲು 13. ಈ ಎರಡು ಅಂಕಿ ನೋಡಿದರೆ ಸಾಕು. ಆಟ ಎಳ್ಳಷ್ಟೂ ಕುಂದಿರಲಿಲ್ಲ. ಹರಡು ಕೈ ಕೊಟ್ಟಿತ್ತು.

ಮೇ 26, 1993. ಚಾಂಪಿಯನ್ಸ್ ಲೀಗ್ ಫೈನಲ್. ಜಾಗ ಮ್ಯೂನಿಕ್‌ನ ಒಲಿಂಪಿಕ್ ಸ್ಟೇಡಿಯಂ, ಐದು ವರ್ಷ ಹಿಂದೆ ಆ ವಾಲಿ ಹೊಡೆದ ಅದೇ ಅಂಗಳ. ಅಲ್ಲಿಯವರೆಗೆ ಆ ಟೂರ್ನಿಯಲ್ಲಿ ಮಿಲಾನ್ ಆಡಿದ 10 ಪಂದ್ಯ, 10 ಗೆಲುವು. ವ್ಯಾನ್ ಬಾಸ್ಟನ್ ಪೂರ್ತಿ ಸಿದ್ಧನಿರಲಿಲ್ಲ, ಆದರೂ ಆಡಿದ. ಅರ್ಧ ಆಟಕ್ಕೆ ಸ್ವಲ್ಪ ಮುಂಚೆ ಮಾರ್ಸೇಯ ಅಬೆದಿ ಪೆಲೆ (ಬ್ರೆಜಿಲ್‌ನ ಪೆಲೆ ಅಲ್ಲ, ಘಾನಾದವನು) ಹಾಕಿದ ಕಾರ್ನರ್‌ಗೆ ಬೋಲಿ ತಲೆ ಕೊಟ್ಟು ಮಾರ್ಸೇಗೆ ಗೋಲು ತಂದ. ಅದೇ ಬೋಲಿ ವ್ಯಾನ್ ಬಾಸ್ಟನ್‌ನನ್ನು ಹಿಂದಿನಿಂದ ಕೆಡವಿದ್ದೂ ಹೌದು. 86ನೇ ನಿಮಿಷಕ್ಕೆ ವ್ಯಾನ್ ಬಾಸ್ಟನ್ ಹೊರಗೆ ಬಂದ, ಸ್ಟೆಫಾನೊ ಎರಾನಿಯೊ ಒಳಗೆ ಹೋದ. ಮಿಲಾನ್ 0-1 ಸೋತಿತು.

ಬೋಲಿಯ ಟ್ಯಾಕಲ್ ಕೆಟ್ಟದ್ದೇ. ಆದರೆ ಆ ಒದೆತ ಬಿದ್ದದ್ದು ಆಗಲೇ ಸವೆದು ಹೋಗಿದ್ದ ಕೀಲಿನ ಮೇಲೆ. ಅಥೆನ್ಸ್‌ಗೆ ಹೋಗಬೇಕು ಅಂತ ವಿಶ್ರಾಂತಿ ಬಿಟ್ಟದ್ದು, ಮತ್ತೆ ಮತ್ತೆ ಬಿದ್ದ ಟ್ಯಾಕಲ್, ಮತ್ತೆ ಮತ್ತೆ ಕತ್ತರಿ, ಪ್ರತಿ ಸಲ ಪೂರ್ತಿ ಮಾಯುವ ಮುಂಚೆ ಒಂದು ದೊಡ್ಡ ಪಂದ್ಯ. ಒಬ್ಬನ ತಲೆಗೆ ಕಟ್ಟಿದರೆ ಕಥೆ ಸುಲಭವಾಗುತ್ತದೆ, ನಿಜ ತಪ್ಪಿಹೋಗುತ್ತದೆ.

ಆ ಜೂನ್‌ನಲ್ಲಿ ಬೆಲ್ಜಿಯಂನಲ್ಲಿ ಇನ್ನೊಂದು ಶಸ್ತ್ರಚಿಕಿತ್ಸೆ ಆಯಿತು. ಎರಡು ವರ್ಷ ಅವನು ಕಾದ. 1994ರ ಮೇನಲ್ಲಿ ಮಿಲಾನ್ ಚಾಂಪಿಯನ್ಸ್ ಲೀಗ್ ಫೈನಲ್‌ನಲ್ಲಿ ಬಾರ್ಸಿಲೋನಾವನ್ನು 4-0ಯಿಂದ ಸೋಲಿಸಿತು, ಅವನಿಲ್ಲದೆ. ಜಾಗ ಮತ್ತೆ ಅಥೆನ್ಸ್, ಕ್ರೈಫ್ ಈ ಸಲ ಎದುರು ತಂಡದ ಕೋಚ್. ಅಮೆರಿಕದ ವಿಶ್ವಕಪ್ಪೂ ಹೋಯಿತು. ಆ ದಿನಗಳಲ್ಲಿ ರಾತ್ರಿ ಬಚ್ಚಲಿಗೆ ಹೋಗಲು ಕಾಲೂರಲಾಗದೆ ತೆವಳುತ್ತಿದ್ದೆ ಅಂತ ಅವನೇ ಹೇಳಿಕೊಂಡಿದ್ದಾನೆ. ಜಗತ್ತಿನ ಅತಿ ಚಂದದ ವಾಲಿ ಹೊಡೆದವನು, ಕತ್ತಲಲ್ಲಿ ಮಂಡಿಯೂರಿ.

1995ರ ಆಗಸ್ಟ್‌ನಲ್ಲಿ ನಿವೃತ್ತಿ ಹೇಳಿದ. ಮಿಲಾನ್ ತಂಡದ ಮೈದಾನ ಸಾನ್ ಸಿರೊದಲ್ಲಿ ಯುವೆಂಟಸ್ ವಿರುದ್ಧದ ಪಂದ್ಯಕ್ಕೆ ಮುಂಚೆ ಜಾಕೆಟ್, ಜೀನ್ಸ್ ಹಾಕಿಕೊಂಡು ಮೈದಾನದ ಸುತ್ತ ಮೆಲ್ಲಗೆ ಓಡಿದ, ಕೈ ಎತ್ತಿ ಚಪ್ಪಾಳೆ ತಟ್ಟುತ್ತಾ. ಬೆಂಚ್ ಹತ್ತಿರ ಕಪೆಲ್ಲೊ, ಬಿಗಿ ಮೋರೆಯ ಆ ಮನುಷ್ಯ, ಅಳುತ್ತಿದ್ದ. ಆಮೇಲೆ ವ್ಯಾನ್ ಬಾಸ್ಟನ್ ಹರಡಿನ ಎಲುಬುಗಳನ್ನೇ ಒಂದಕ್ಕೊಂದು ಕೂಡಿಸಿಬಿಟ್ಟರು. ಹಾಗೆ ಮಾಡಿದರೆ ಕೀಲು ಅಲುಗುವುದಿಲ್ಲ, ಅಲುಗದ ಕಾರಣ ನೋವೂ ಕಡಿಮೆಯಾಗುತ್ತದೆ.

ಎನ್.ವಿ. ಮೈದಾನದ ಆ ಹುಡುಗ ನಾಲ್ಕು ದಿನ ಬಿಟ್ಟು ಮತ್ತೆ ಸಿಕ್ಕ. ಶೂ ಕೈಯಲ್ಲಿತ್ತು. ಹರಡಿನ ಹೊರಗಡೆ ಕಪ್ಪು-ನೀಲಿ ಕಲೆ, ಬಾವು ಅರ್ಧ ಇಳಿದಿತ್ತು. ಎರಿ ಮಣ್ಣು ಈಗ ಒಣಗಿ ಬಿರಿದಿದೆ, ಆ ಸಂದಿನಲ್ಲಿ ಗಟ್ಟಿ ಕಾಲೇ ಹೊರಳುತ್ತದೆ. ಅಲ್ಲೇ ಅಂಚಿಗೆ ಕೂರಿಸಿಕೊಂಡು ಈ ಕಥೆ ಪೂರ್ತಿ ಹೇಳಿದೆ, ಫೋನಿನಲ್ಲಿ ಆ ವಾಲಿಯನ್ನೂ ತೋರಿಸಿದೆ. ಎರಡು ಸಲ ಹಿಂದೆ ಹಾಕಿ ನೋಡಿದ.

"ಹಂಗಾದ್ರ ಎಷ್ಟು ದಿನ ಕೂಡ್ಬೇಕ್ರಿ ಅಣ್ಣಾ?" ಅಂದ.

ಮೊದಲು ಎಲುಬಿನ ಡಾಕ್ಟರಿಗೆ ತೋರಿಸು ಅಂದೆ. ಆಮೇಲೆ ಆ ಒಂದೇ ಕಾಲಿನ ಮೇಲೆ ನಿಂತು ನೋಡು, ಮೂವತ್ತು ಎಣಿಸೋವರೆಗೆ ಅಲುಗಾಡದೆ ನಿಲ್ಲೋಕೆ ಬರದಿದ್ರೆ ಶೂ ಕಟ್ಟಲೇಬೇಡ. ಅವನು ನನ್ನ ಭುಜ ಹಿಡಿದು ಎದ್ದ, ಒಳ್ಳೆ ಕಾಲು ಎತ್ತಿದ, ಭುಜ ಬಿಟ್ಟ. ನಾನು ಎಣಿಸತೊಡಗಿದೆ. ನಾಲ್ಕಕ್ಕೆ ಕಾಲು ಕೆಳಗೆ ಬಂತು.