ಮಂಡಲಮಾಯೆ: ಸರ್ಕ್ಯೂಟಿನ ಹಾಗೆ ನಡೆಯುವ ಮಂತ್ರವಿದ್ಯೆ

ಕಾಸರಗೋಡಿನ ಕನ್ನಡ ಮಾಧ್ಯಮದ ತರಗತಿಯಲ್ಲಿ ‘ವಿದ್ಯುನ್ಮಂಡಲ’ ಎಂದು ಬೋರ್ಡಿನಲ್ಲಿ ಬರೆದ ಕೂಡಲೇ ಒಂದಾದರೂ ಕೈ ಮೇಲೇಳುತ್ತದೆ. ‘ಮಾಷ್ಟ್ರೇ, ಮಂಡಲ ಅಂದ್ರೆ ಪೂಜೆಗೆ ಬರೆಯುವುದಲ್ವಾ?’ ಹೌದು, ಅದೇ ಪದ. ತಂತ್ರಿಗಳು ಐದು ಬಣ್ಣದ ಹುಡಿಯಲ್ಲಿ ಬರೆಯುವುದೂ ಮಂಡಲ, ಬ್ಯಾಟರಿಯಿಂದ ಹೊರಟ ತಂತಿ ಬಲ್ಬನ್ನು ಹಾಯ್ದು ಮತ್ತೆ ಬ್ಯಾಟರಿಗೇ ಬಂದು ಸೇರುವುದೂ ಮಂಡಲ. ಯಂತ್ರ ಎಂಬ ಪದವೂ ಹಾಗೆಯೇ. ತಾಮ್ರದ ತಗಡಿನಲ್ಲಿ ಗೆರೆ ಕೊರೆದು ಕಟ್ಟಿಸುವುದು ಯಂತ್ರ, ತೋಟಕ್ಕೆ ನೀರೆತ್ತುವುದೂ ಯಂತ್ರ.

ಕಳೆದ ವರ್ಷ ಒಂಬತ್ತನೇ ತರಗತಿಯ ಹುಡುಗಿಯೊಬ್ಬಳು ತಾನು ಬರೆದ ಕತೆಯೊಂದನ್ನು ತಂದು ತೋರಿಸಿದಳು. ಅದರಲ್ಲಿ ಮಂತ್ರ ಹೇಳಿದ ಮಾತ್ರಕ್ಕೆ ಏನೂ ಆಗುವುದಿಲ್ಲ. ನಾಯಕಿ ಅಂಗಳದಲ್ಲಿ ಹುಡಿಯಿಂದ ಗೆರೆ ಎಳೆಯುತ್ತಾಳೆ, ಗೆರೆಯಲ್ಲಿ ಶಕ್ತಿ ಹರಿಯುತ್ತದೆ, ಗೆರೆ ತಪ್ಪಿದರೆ ಕೆಲಸ ಕೆಡುತ್ತದೆ. ಇಂಥ ಮಾಯೆಗೆ ಕನ್ನಡದಲ್ಲಿ ಏನು ಹೇಳಬೇಕು ಎಂದು ಕೇಳಿದಳು. ‘ಮಂಡಲಮಾಯೆ’ ಅಂದೆ. ಬಾಯಿಗೆ ಬಂದ ಪದ. ಆಮೇಲೆ ಯೋಚಿಸಿದಷ್ಟೂ ಸರಿ ಎನಿಸಿತು.

ಕಲ್ಪಿತ ಲೋಕವೊಂದರ ಮಾಂತ್ರಿಕ ಶಕ್ತಿ ವಿದ್ಯುತ್ತಿನ ಹಾಗೆ ನಡೆದುಕೊಂಡರೆ ಅದು ಮಂಡಲಮಾಯೆ. ಶಕ್ತಿಗೆ ಒಂದು ಮೂಲ ಇರಬೇಕು, ಹರಿಯಲು ದಾರಿ ಇರಬೇಕು, ದಾರಿಯಲ್ಲಿ ತಡೆ ಇರಬೇಕು. ಮಂತ್ರವಾದಿ ಯಾವ ಮನೆಯಲ್ಲಿ ಹುಟ್ಟಿದ, ಯಾರ ವರ ಪಡೆದ ಎಂಬುದೆಲ್ಲ ಇಲ್ಲಿ ಲೆಕ್ಕಕ್ಕೆ ಬರುವುದಿಲ್ಲ. ಸರಿಯಾಗಿ ಜೋಡಿಸಿದ ಯಾರ ಕೈಯಲ್ಲೂ ಅದು ನಡೆಯುತ್ತದೆ. ಈ ಬಗೆಯ ಕತೆ ನನಗೆ ಪ್ರಿಯವಾಗಿರುವುದು ಇದಕ್ಕೇ.

ಅವಳ ಮೊದಲ ಕರಡಿನಲ್ಲಿ ಒಂದು ದೊಡ್ಡ ಕೊರತೆ ಇತ್ತು. ಶಕ್ತಿ ಹೊರಟು ದೀಪಕ್ಕೆ ಬಂದು ಅಲ್ಲಿಗೇ ಮುಗಿಯುತ್ತಿತ್ತು. ಅದಕ್ಕೆ ನಮ್ಮ ಪಂಪ್ ಶೆಡ್ಡಿನ ಸಂಗತಿ ಹೇಳಿದೆ. ಒಂದು ಸಂಜೆ ಅಲ್ಲಿನ ಬಲ್ಬು ಉರಿಯಲಿಲ್ಲ. ಹೊಸ ಬಲ್ಬು ಹಾಕಿದರೂ ಇಲ್ಲ. ವಯರಿಂಗ್ ಕೆಲಸದವರು ಬಂದು, ಬಲ್ಬು ಹೋಲ್ಡರಿನಲ್ಲಿ ಇದ್ದ ಹಾಗೆಯೇ, ವಯರು ಸೇರುವ ಒಂದು ಸ್ಕ್ರೂವಿಗೆ ಟೆಸ್ಟರು ತಾಗಿಸಿದರು. ಟೆಸ್ಟರಿನೊಳಗಿನ ಪುಟ್ಟ ನಿಯಾನ್ ದೀಪ ಕೆಂಪಗೆ ಹೊಳೆಯಿತು. ಇನ್ನೊಂದು ಸ್ಕ್ರೂವಿಗೆ ತಾಗಿಸಿದರು. ಅಲ್ಲಿಯೂ ಹೊಳೆಯಿತು. ಕರೆಂಟ್ ವಾಪಾಸು ಹೋಗುವ ವಯರಿಗೆ ನ್ಯೂಟ್ರಲ್ ಎನ್ನುತ್ತಾರೆ; ಸರಿಯಿರುವ ನ್ಯೂಟ್ರಲ್ ವಯರಿನಲ್ಲಿ ಟೆಸ್ಟರು ಹಾಗೆ ಹೊಳೆಯಬಾರದು. ‘ಕರೆಂಟ್ ಬಂದಿದೆ ಮಾಷ್ಟ್ರೇ, ವಾಪಾಸು ಹೋಗ್ಲಿಕ್ಕೆ ದಾರಿ ಇಲ್ಲ’ ಅಂದರು. ಹುಡುಕಿದರೆ ಗೋಡೆಯ ಮೂಲೆಯಲ್ಲಿ ಇಲಿ ಕಡಿದು ನ್ಯೂಟ್ರಲ್ ತುಂಡಾಗಿತ್ತು. ಬಲ್ಬಿನ ತಂತುವನ್ನು ದಾಟಿ, ತುಂಡಾದ ತುದಿಯವರೆಗೂ 230 ವೋಲ್ಟ್ ಬಂದು ನಿಂತಿತ್ತು. ಹರಿವು ಇರಲಿಲ್ಲ, ಬೆಳಕಿರಲಿಲ್ಲ. ಆದರೆ ಆ ತುದಿಯನ್ನು ನೆಲದ ಮೇಲೆ ನಿಂತವರು ಮುಟ್ಟಿದ್ದರೆ ಅವರ ಮೈಯೇ ವಾಪಾಸು ಹೋಗುವ ದಾರಿಯಾಗುತ್ತಿತ್ತು.

ಮಂಡಲಮಾಯೆಯ ಜೀವಾಳ ಈ ಮರುದಾರಿ. ಹೊರಟದ್ದು ಮರಳಿ ಮೂಲ ಸೇರಿದರೆ ಮಾತ್ರ ಮಾಯೆ ನಡೆಯಬೇಕು. ಸೇರದಿದ್ದರೆ ಅದು ಸತ್ತಂತೆ ಕಾಣುತ್ತದೆ, ಆದರೆ ಕಾದು ಕುಳಿತಿರುತ್ತದೆ. ಕತೆಗಾರನಿಗೆ ಇದಕ್ಕಿಂತ ಒಳ್ಳೆಯ ಭಯ ಬೇರೆಲ್ಲಿ ಸಿಕ್ಕೀತು?

ಶಕ್ತಿಯ ಒತ್ತಡ, ಹರಿವು, ತಡೆ ಇವುಗಳ ಸಂಬಂಧ ನಮ್ಮ ಕಡೆಯವರಿಗೆ ಹೊಸತಲ್ಲ. ಮುರಕಲ್ಲಿನ ಗುಡ್ಡಕ್ಕೆ ಅಡ್ಡಡ್ಡ ಕೊರೆದ ಸುರಂಗದಿಂದ ನೀರು ತಾನಾಗಿ ಇಳಿದು, ಅಡಿಕೆ ಮರ ಸೀಳಿ ಮಾಡಿದ ದಂಬೆಯಲ್ಲಿ ಹರಿದು ಕೆರೆ ಸೇರುವುದನ್ನು ಕಂಡವರು ನಾವು. ಎತ್ತರ ಹೆಚ್ಚಿದಷ್ಟೂ ಸೆಳವು ಹೆಚ್ಚು, ದಂಬೆಯಲ್ಲಿ ಕಸ ಕಟ್ಟಿದಷ್ಟೂ ನೀರು ಕಡಿಮೆ. ಜರ್ಮನಿಯ ಗೇಯಾರ್ಗ್ ಓಮ್ 1827ರಲ್ಲಿ ಪ್ರಕಟಿಸಿದ ನಿಯಮ ವಿದ್ಯುತ್ತಿಗೆ ಇಂಥದೇ ಲೆಕ್ಕ ಕೊಟ್ಟಿತು: ಒತ್ತಡ ಅಷ್ಟೇ ಇದ್ದು ತಡೆ ಇಮ್ಮಡಿಯಾದರೆ ಹರಿವು ಅರ್ಧ. ಹುಡುಗಿಯ ಕತೆಯಲ್ಲಿ ಶಕ್ತಿಯ ಮೂಲ ಸುರಂಗದ ಬಾಯಿಯೇ ಆಯಿತು.

ಬಣ್ಣಗಳನ್ನು ಅವಳೇ ಹಂಚಿದಳು. ಅಕ್ಕಿಹುಡಿಯ ಬಿಳಿ ಗೆರೆ ಶಕ್ತಿಯನ್ನು ಸಾಗಿಸುತ್ತದೆ. ಉಮಿ ಸುಟ್ಟ ಕರಿ ತಡೆಯುತ್ತದೆ. ಅರಶಿನ ಶಕ್ತಿಯನ್ನು ಹಿಡಿದಿಟ್ಟು ಬೇಕಾದಾಗ ಬಿಡುತ್ತದೆ, ಕೆಪಾಸಿಟರಿನ ಹಾಗೆ. ಒಣಗಿದ ಎಲೆಯ ಹಸುರು ಹುಡಿ ಒಂದೇ ದಿಕ್ಕಿಗೆ ಬಿಡುತ್ತದೆ, ಡಯೋಡಿನ ಹಾಗೆ. ಅರಶಿನಕ್ಕೆ ಸುಣ್ಣ ಬೆರೆಸಿದ ಕೆಂಪು ಸ್ವಿಚ್ಚು. ಪೂಜೆಯ ಮಂಡಲ ದೇವತೆಯ ಆವಾಹನೆಗೆ ಬರೆಯುವಂಥದು, ಅದರ ಅರ್ಥ ಬೇರೆ, ಅದನ್ನು ಸರ್ಕ್ಯೂಟ್ ಎಂದು ಯಾರೂ ತಿಳಿಯಬಾರದು. ಕತೆ ಅಲ್ಲಿಂದ ಎರವಲು ತಂದದ್ದು ಬಣ್ಣಗಳನ್ನು ಮಾತ್ರ.

ಮಂಡಲಮಾಯೆಗೆ ‘ಬುದ್ಧಿ’ ಬರುವುದು ಸ್ವಿಚ್ಚುಗಳನ್ನು ಜೋಡಿಸಿದಾಗ. 1937ರಲ್ಲಿ ಅಮೆರಿಕದ ಎಂಐಟಿಯ ವಿದ್ಯಾರ್ಥಿ ಕ್ಲಾಡ್ ಶಾನನ್ ತನ್ನ ಸ್ನಾತಕೋತ್ತರ ಪ್ರಬಂಧದಲ್ಲಿ, ಸ್ವಿಚ್ಚುಗಳ ಜೋಡಣೆಯಿಂದಲೇ ತರ್ಕದ ಲೆಕ್ಕ ಮಾಡಬಹುದೆಂದು ತೋರಿಸಿದ. ಒಂದರ ಹಿಂದೆ ಒಂದು ಸ್ವಿಚ್ಚಿದ್ದರೆ ಎರಡೂ ಒತ್ತಿದಾಗ ಮಾತ್ರ ದೀಪ ಉರಿಯುತ್ತದೆ. ಅಕ್ಕಪಕ್ಕದ ದಾರಿಗಳಲ್ಲಿ ಒಂದೊಂದಿದ್ದರೆ ಯಾವುದಾದರೊಂದು ಸಾಕು. ‘ಮತ್ತು’, ‘ಅಥವಾ’ ಎಂಬ ನಮ್ಮ ಎರಡು ಸಣ್ಣ ಪದಗಳು ಹೀಗೆ ತಂತಿಯಲ್ಲಿ ಕುಳಿತವು. ಮಾಳಿಗೆ ಮೆಟ್ಟಿಲಿನ ದೀಪವನ್ನು ಕೆಳಗಿನಿಂದಲೂ ಮೇಲಿನಿಂದಲೂ ಹಾಕಿ ಆರಿಸುತ್ತೇವಲ್ಲ, ಅದೂ ಇಂಥದೇ ಜೋಡಣೆಯ ತರ್ಕ. ಕತೆಯಲ್ಲಿ ಹೊಸಿಲಿನ ಬಳಿ ಒಂದೇ ಗೆರೆಯ ಮೇಲೆ ಎರಡು ಕೆಂಪು ಚುಕ್ಕಿಗಳಿವೆ. ಕತ್ತಲಾಗಿರಬೇಕು, ಮತ್ತು ಬಂದವರ ಹೆಜ್ಜೆ ಪರಿಚಿತವಾಗಿರಬೇಕು. ಆಗ ಬಾಗಿಲು ತಾನೇ ತೆರೆದುಕೊಳ್ಳುತ್ತದೆ. ಮನೆ ಕಾಯಲು ಭೂತವೂ ಬೇಡ, ಬಂಟನೂ ಬೇಡ.

ಫ್ಯೂಸನ್ನೂ ಸೇರಿಸು ಅಂದೆ. ಶಕ್ತಿ ಮಿತಿ ಮೀರಿದಾಗ ತಾನು ಕರಗಿ ಉಳಿದದ್ದನ್ನು ಉಳಿಸುವ ತೆಳ್ಳಗಿನ ಗೆರೆ.

ಎರಡನೇ ಕರಡು ತಂದಾಗ ಕತೆ ಬೇರೆಯೇ ಆಗಿತ್ತು. ರಾತ್ರಿ ಮಳೆ ಇಲ್ಲ, ಗಾಳಿ ಇಲ್ಲ, ಆದರೂ ದೀಪ ಹೊತ್ತುವುದಿಲ್ಲ. ನಾಯಕಿಯ ಕೈಯಲ್ಲಿ ಒಂದು ಸಂಪಿಗೆ ಎಸಳು. ಶಕ್ತಿ ಇದ್ದಲ್ಲಿ ಅದು ನಡುಗುತ್ತದೆ. ದೀಪದ ಒಂದು ಬದಿಗೆ ಹಿಡಿಯುತ್ತಾಳೆ, ಎಸಳು ನಡುಗುತ್ತದೆ. ಇನ್ನೊಂದು ಬದಿಗೆ ಹಿಡಿಯುತ್ತಾಳೆ, ಅಲ್ಲಿಯೂ ನಡುಗುತ್ತದೆ. ಅವಳು ಗೆರೆಯನ್ನು ಮುಟ್ಟದೆ, ಮರುದಾರಿಯ ಜಾಡು ಹಿಡಿದು ಬಗ್ಗಿ ನಡೆಯುತ್ತಾಳೆ. ತುಳಸಿಕಟ್ಟೆಯ ಬದಿಯಲ್ಲಿ ಇರುವೆಗಳ ಸಾಲೊಂದು ಅಕ್ಕಿಹುಡಿಯನ್ನು ಕಣಕಣವಾಗಿ ಹೊತ್ತುಕೊಂಡು ಗೋಡೆಯ ಬಿರುಕಿನೊಳಗೆ ಹೋಗುತ್ತಿರುತ್ತದೆ.